ಉತ್ತಮ ಪುರುಷವಿಲ್ಲದ ಪದ

ಕಾಫಿ ಲೋಟದಲ್ಲಿ ಇನ್ನೂ ಹಬೆಯಾಡುತ್ತಿತ್ತು, ಪ್ರಕಾಶಕ ಮಿತ್ರರ ಫೋನು. ಯುರೋಪಿನ ಇತಿಹಾಸದ ದಪ್ಪ ಪುಸ್ತಕವೊಂದನ್ನು ಅವರು ಕನ್ನಡಕ್ಕೆ ತರಿಸುತ್ತಿದ್ದಾರೆ. ಅನುವಾದಕರು ಒಂದು ಪದದ ಮುಂದೆ ಬಂದು ಕೂತುಬಿಟ್ಟಿದ್ದಾರಂತೆ.

“ಸಾರ್, ಮಿಲಿಟರಿಸಂ ಅನ್ನೋದಕ್ಕೆ ಕನ್ನಡದಲ್ಲಿ ಏನು ಹಾಕೋಣ? ಅದೂ ಸಾದಾ ಅಲ್ಲ, ವಿಪರೀತದ್ದು. ದೇಶಕ್ಕೆ ದೇಶವೇ ಪರೇಡ್ ಮೈದಾನ ಆಗೋಗಿರುತ್ತಲ್ಲ, ಆ ಥರದ್ದು.”

“ಸೈನಿಕವಾದ?”

“ಸೈನಿಕನ ವಾದ ಅಂತ ಓದ್ಕೋತಾರೆ. ಸೈನಿಕ ಎಲ್ಲಿ ಸಾರ್ ವಾದ ಮಾಡ್ತಾನೆ?”

“ಸೇನಾಪಾರಮ್ಯ?”

“ನಮ್ಮ ಪ್ರೂಫ್ ನೋಡೋ ಹುಡುಗ ಅದನ್ನ ಸೇನಾಪಾಯಸ ಮಾಡ್ತಾನೆ.”

“ಅತಿಸೈನ್ಯೀಕರಣ?”

“ಅಜೀರ್ಣದ ಚೂರ್ಣದ ಹೆಸರಿದ್ದಂಗಿದೆ.”

ಸಂಜೆಯೊಳಗೆ ಹೇಳುತ್ತೇನೆ ಎಂದು ಫೋನಿಟ್ಟೆ. ಅದಾಗಿ ಮೂರು ವಾರವಾಯಿತು.

ಕನ್ನಡ ಈ ವಿಷಯದಲ್ಲಿ ಬಡ ಭಾಷೆಯೇನಲ್ಲ. ದಂಡ ಎಂದರೆ ಕೋಲು. ಅದಕ್ಕೆ ಒಂದು ಉಕಾರ ಸೇರಿಸಿದರೆ ದಂಡು, ಅಂದರೆ ಸೇನೆ. ದಂಡ ಕಟ್ಟಿದೆ ಎಂದರೆ ಜುಲ್ಮಾನೆ. ದುಡ್ಡು ದಂಡವಾಯ್ತು ಎಂದರೆ ಪೋಲಾಯ್ತು. ಕೆಲಸಕ್ಕೆ ಬಾರದವನು ದಂಡಪಿಂಡ. ಕೋಲು, ಸೇನೆ, ಜುಲ್ಮಾನೆ, ಪೋಲು ಇಷ್ಟನ್ನೂ ಒಂದೇ ಬೇರಿನಲ್ಲಿ ಕಟ್ಟಿಟ್ಟ ನಮ್ಮ ಹಿರಿಯರು ರಕ್ಷಣಾ ಬಜೆಟ್ಟಿನ ಮೇಲೆ ಪ್ರತ್ಯೇಕ ಗ್ರಂಥ ಬರೆಯುವ ಶ್ರಮವನ್ನು ಉಳಿಸಿದ್ದಾರೆ.

ಬಳಕೆಯಲ್ಲೂ ನಾವು ಹಿಂದೆ ಬಿದ್ದಿಲ್ಲ. ರಸ್ತೆಯ ಗುಂಡಿಯನ್ನು ನಾವು ಸುಮ್ಮನೆ ಮುಚ್ಚುವುದಿಲ್ಲ, ‘ಯುದ್ಧೋಪಾದಿಯಲ್ಲಿ’ ಮುಚ್ಚುತ್ತೇವೆ. ಮುಂದಿನ ಮಳೆಗೆ ಗುಂಡಿ ಯುದ್ಧ ಗೆದ್ದಿರುತ್ತದೆ, ಅದು ಬೇರೆ ಮಾತು. ಸೊಳ್ಳೆಯ ಮೇಲೆ ಸಮರ ಸಾರುತ್ತೇವೆ. ಪಕ್ಷಗಳಿಗೆ ಹೈಕಮಾಂಡ್ ಇದೆ, ಚುನಾವಣೆಗೆ ವಾರ್ ರೂಮ್ ಇದೆ. ನಮ್ಮ ಶಾಸಕರು ತಾವು ‘ಪಕ್ಷದ ಶಿಸ್ತಿನ ಸಿಪಾಯಿ’ ಎಂದು ಹೇಳಿದ ದಿನ ಅವರು ರೆಸಾರ್ಟಿಗೆ ಬಟ್ಟೆ ಜೋಡಿಸಿಟ್ಟುಕೊಂಡಿದ್ದಾರೆ ಎಂದು ತಿಳಿಯಬೇಕು. 2016ರ ನೋಟು ರದ್ದತಿಯ ದಿನಗಳಲ್ಲಿ ಎಟಿಎಂ ಸಾಲಿನಲ್ಲಿ ಮೊಣಕಾಲು ನೋವು ಎಂದವರಿಗೆ ಗಡಿಯಲ್ಲಿ ನಿಂತ ಯೋಧನ ನೆನಪು ಮಾಡಿಕೊಡಲಾಯಿತು. ಹೇಳಿದವರು ಯೋಧರಲ್ಲ, ಸಾಲಿನಲ್ಲಿ ನಿಲ್ಲದವರು. 2025ರ ಮೇ ತಿಂಗಳಿನ ಭಾರತ-ಪಾಕ್ ಸಂಘರ್ಷದ ವೇಳೆ ಟಿವಿ ಸ್ಟುಡಿಯೋಗಳು ಸೈರನ್ ಮೊಳಗಿಸಿ ಮೊಳಗಿಸಿ, ಕೊನೆಗೆ ಕೇಂದ್ರ ಗೃಹ ಇಲಾಖೆಯೇ ‘ದಯಮಾಡಿ ಆ ಸದ್ದು ಹಾಕಬೇಡಿ, ನಿಜವಾದ ಸೈರನ್ನಿಗೆ ಬೆಲೆ ಇಲ್ಲದಂತಾಗುತ್ತದೆ’ ಎಂಬ ಅರ್ಥದ ಸೂಚನೆ ಕಳಿಸಬೇಕಾಯಿತು. ಇಡೀ ಪಟ್ಟಿಯಲ್ಲಿ ನನಗೆ ಪ್ರಾಮಾಣಿಕವಾಗಿ ಕಂಡದ್ದು ಮಿಲಿಟರಿ ಹೋಟೆಲ್ ಒಂದೇ. ಅಲ್ಲಿ ಮಿಲಿಟರಿ ಎಂದರೆ ಮುದ್ದೆ ಮತ್ತು ಮಟನ್ ಸಾರು, ಅದು ಪ್ರತಿದಿನ ಹೇಳಿದ ಹೊತ್ತಿಗೆ ಸಿಗುತ್ತದೆ.

ಇನ್ನು ಬೆಂಗಳೂರು. 1809ರಲ್ಲಿ ಬ್ರಿಟಿಷರು ದಂಡು ಪ್ರದೇಶ ಕಟ್ಟಿದರು. ಬ್ರಿಗೇಡ್ ರಸ್ತೆ, ಇನ್‌ಫೆಂಟ್ರಿ ರಸ್ತೆಗಳೆಲ್ಲ ಆಗಿನ ಬಳುವಳಿ. ಅವರು ಪರೇಡ್ ನೋಡುತ್ತಿದ್ದ ಸೌತ್ ಪರೇಡ್ ರಸ್ತೆಗೆ ಸ್ವಾತಂತ್ರ್ಯದ ನಂತರ ನಾವು ಹುಡುಕಿ ಹುಡುಕಿ ಇಟ್ಟ ಹೆಸರು ಮಹಾತ್ಮ ಗಾಂಧಿಯವರದು. ಪಕ್ಕದ ಪರೇಡ್ ಮೈದಾನ ಹಾಗೇ ಇದೆ.

ಇಷ್ಟಾದರೂ ‘ಸ್ವಾಮಿ, ತಾವು ಮಿಲಿಟರಿಸ್ಟರೋ?’ ಎಂದು ಯಾರನ್ನಾದರೂ ಕೇಳಿ ನೋಡಿ. ಮುಖ ಕೆಂಪಾಗುತ್ತದೆ. ಇಲ್ಲೇ ಇರುವುದು ಈ ಪದದ ವ್ಯಾಕರಣ. ಶಾಲೆಯಲ್ಲಿ ಕಲಿತದ್ದು ನೆನಪಿದೆಯಲ್ಲ: ನಾನು, ನಾವು ಉತ್ತಮ ಪುರುಷ, ನೀನು, ನೀವು ಮಧ್ಯಮ ಪುರುಷ, ಅವನು, ಅವರು ಅನ್ಯ ಪುರುಷ. ಮಿಲಿಟರಿಸಂಗೆ ಅನ್ಯ ಪುರುಷದಲ್ಲಿ ಮಾತ್ರ ರೂಪವಿದೆ. ಅವರದು ಯುದ್ಧದಾಹ, ನಿಮ್ಮದು ಶಸ್ತ್ರಾಸ್ತ್ರ ಪೈಪೋಟಿ, ನಮ್ಮದು ರಕ್ಷಣೆ. ಉತ್ತಮ ಪುರುಷದಲ್ಲಿ ಈ ಪದವನ್ನು ಬಳಸಿದ ಉತ್ತಮ ಪುರುಷ ಈವರೆಗೆ ನನಗೆ ಸಿಕ್ಕಿಲ್ಲ.

ಪದ ಬೆಳೆದದ್ದೇ ಬೈಗುಳವಾಗಿ. 1860ರ ದಶಕದ ಫ್ರಾನ್ಸಿನಲ್ಲಿ ಮೂರನೇ ನೆಪೋಲಿಯನ್ನನ ವಿರೋಧಿಗಳು ಅದನ್ನು ಅವನತ್ತ ಎಸೆಯುತ್ತಿದ್ದರು. ಅಲ್ಲಿಂದ ಅದು ಗಡಿ ದಾಟಿ ಜರ್ಮನ್ ರಾಜ್ಯವಾದ ಪ್ರಷ್ಯಾಕ್ಕೆ ಹೋಯಿತು, ಹೋದದ್ದೇ ಅಲ್ಲಿ ಮನೆ ಮಾಡಿತು. ಬೇರೆ ದೇಶಗಳ ಬಳಿ ಸೈನ್ಯವಿದೆ, ಪ್ರಷ್ಯಾದಲ್ಲಿ ಮಾತ್ರ ಸೈನ್ಯದ ಬಳಿ ಒಂದು ದೇಶವಿದೆ ಎಂಬ ಚಟಾಕಿ ಫ್ರೆಂಚ್ ಮುತ್ಸದ್ದಿ ಮಿರಾಬೋನ ಹೆಸರಿನಲ್ಲಿ ಇಂದಿಗೂ ಓಡಾಡುತ್ತದೆ. ಹೇಳಿದವನು ಅವನೋ ಅಲ್ಲವೋ, ಮಾತು ಸುಳ್ಳಲ್ಲ. 1713ರಿಂದ 1740ರವರೆಗೆ ಅಲ್ಲಿ ಆಳಿದ ಮೊದಲನೆಯ ಫ್ರೆಡ್ರಿಕ್ ವಿಲ್ಹೆಲ್ಮನಿಗೆ ಎತ್ತರದ ಸಿಪಾಯಿಗಳ ಖಯಾಲಿ. ಆರಡಿ ಮೀರಿದವನು ಯುರೋಪಿನಲ್ಲಿ ಎಲ್ಲಿ ಕಂಡರೂ ದುಡ್ಡು ಕೊಟ್ಟೋ ಎತ್ತಿಹಾಕಿಕೊಂಡೋ ತರಿಸುತ್ತಿದ್ದ. ರಷ್ಯಾದ ಪೀಟರ್ ದೊರೆಗೆ ಅಂಬರಿನ ಫಲಕಗಳಿಂದ ಮಾಡಿದ ಇಡೀ ಕೋಣೆಯನ್ನೇ ಉಡುಗೊರೆ ಕೊಟ್ಟ, ಅಲ್ಲಿಂದ ಬಂದ ಮರುಉಡುಗೊರೆಯಲ್ಲಿ ಉದ್ದುದ್ದ ಆಳುಗಳಿದ್ದರು. ಜ್ವರ ಬಂದು ಮಲಗಿದಾಗ ಅವರನ್ನೇ ಕೋಣೆಯಲ್ಲಿ ಕವಾಯತು ಮಾಡಿಸಿ ನೋಡುತ್ತಿದ್ದನಂತೆ. ಯುದ್ಧಕ್ಕೆ ಮಾತ್ರ ಅವರನ್ನು ಕಳಿಸಲು ಮನಸ್ಸು ಬರುತ್ತಿರಲಿಲ್ಲ. ಮದುವೆಗೆಂದು ತೆಗೆದಿಟ್ಟ ಬೆಳ್ಳಿ ತಟ್ಟೆಯನ್ನು ದಿನನಿತ್ಯ ಊಟಕ್ಕೆ ಇಡುವ ಮನೆ ಯಾವುದು? ಅವನ ಕಾಲದಲ್ಲಿ ಪ್ರಷ್ಯಾದ ಸೈನ್ಯ ಎಂಬತ್ತು ಸಾವಿರ ಮುಟ್ಟಿತು. ಅದನ್ನು ನಿಜಕ್ಕೂ ಬಳಸಿದವನು, ಅಪ್ಪನಿಂದ ಪೆಟ್ಟು ತಿಂದು ಕೊಳಲು ಊದುತ್ತಿದ್ದ ಮಗ.

ಆದರೆ ಸೈನ್ಯ ಎಷ್ಟು ದೊಡ್ಡದು ಎಂದು ತಲೆ ಎಣಿಸಿದರೆ ಪದದ ಅರ್ಥ ಸಿಗುವುದಿಲ್ಲ. ಅರ್ಥ ಸಿಗಬೇಕಾದರೆ ಬರ್ಲಿನ್ನಿನ ಪೂರ್ವಕ್ಕಿರುವ ಕ್ಯೋಪೆನಿಕ್ ಎಂಬ ಊರಿಗೆ, 1906ರ ಅಕ್ಟೋಬರ್ 16ಕ್ಕೆ ಹೋಗಬೇಕು.

ವಿಲ್ಹೆಲ್ಮ್ ಫೋಕ್ಟ್, ವಯಸ್ಸು 57, ಬೂಟು ಹೊಲಿಯುವುದು ಕಸುಬು. ಕಳ್ಳತನ, ನಕಲಿ ದಾಖಲೆ ಎಂದು ಬದುಕಿನ ಅರ್ಧದಷ್ಟನ್ನು ಜೈಲಿನಲ್ಲಿ ಕಳೆದವನು. ಆ ವರ್ಷ ಫೆಬ್ರವರಿಯಲ್ಲಷ್ಟೇ ಹೊರಬಂದಿದ್ದ. ಹೋದ ಹೋದ ಊರಿನಲ್ಲಿ ಪೊಲೀಸರು ‘ಇಲ್ಲಿ ಇರಕೂಡದು’ ಎಂದು ಗಡಿಪಾರು ಮಾಡುತ್ತಿದ್ದರು. ಕಾಗದವಿಲ್ಲದೆ ಕೆಲಸವಿಲ್ಲ, ಕೆಲಸವಿಲ್ಲದೆ ಕಾಗದವಿಲ್ಲ. ನಮ್ಮಲ್ಲಿ ವಿಳಾಸದ ಪುರಾವೆಗಾಗಿ ಬಾಡಿಗೆ ಕರಾರು, ಬಾಡಿಗೆ ಕರಾರಿಗಾಗಿ ವಿಳಾಸದ ಪುರಾವೆ ಹುಡುಕಿ ಅಲೆದವರಿಗೆ ಇದನ್ನು ವಿವರಿಸಬೇಕಿಲ್ಲ. ಫೋಕ್ಟ್ ಅರ್ಜಿ ಹಾಕುವುದನ್ನು ಬಿಟ್ಟ. ಹಳೇ ಬಟ್ಟೆ ಅಂಗಡಿಗಳನ್ನು ಸುತ್ತಿ, ಒಂದೊಂದೇ ತುಂಡು ಕೊಂಡು, ಕ್ಯಾಪ್ಟನ್ನನ ಸಮವಸ್ತ್ರ ಹೊಂದಿಸಿಕೊಂಡ.

ಅದನ್ನು ತೊಟ್ಟು ಬೀದಿಗೆ ಬಂದ. ಪಾಳಿ ಮುಗಿಸಿ ಹೋಗುತ್ತಿದ್ದ ಸಿಪಾಯಿಗಳನ್ನು ತಡೆದು ‘ನನ್ನ ಹಿಂದೆ ಬನ್ನಿ’ ಎಂದ. ಬಂದರು. ಇನ್ನಷ್ಟು ಜನರನ್ನು ಕರೆದ, ಅವರೂ ಬಂದರು. ಎಲ್ಲರನ್ನೂ ರೈಲಿನಲ್ಲಿ ಕೂರಿಸಿಕೊಂಡು ಕ್ಯೋಪೆನಿಕ್‌ಗೆ ಹೋದ. ಪುರಭವನದ ಬಾಗಿಲುಗಳಿಗೆ ಕಾವಲು ಹಾಕಿಸಿದ. ಲೆಕ್ಕದಲ್ಲಿ ಗೋಲ್‌ಮಾಲ್ ಆಗಿದೆ ಎಂದು ಹೇಳಿ ಮೇಯರ್ ಗೆಯೋರ್ಗ್ ಲಾಂಗರ್‌ಹಾನ್ಸ್ ಅವರನ್ನೂ ಖಜಾಂಚಿಯನ್ನೂ ಬಂಧಿಸಿದ. ವಾರಂಟ್ ಎಲ್ಲಿ ಎಂದು ಕೇಳಿದ್ದಕ್ಕೆ ಹಿಂದೆ ನಿಂತ ಬಂದೂಕುಗಳನ್ನು ತೋರಿಸಿದನಂತೆ. ಊರಿನ ಪೊಲೀಸ್ ಅಧಿಕಾರಿ ಸ್ನಾನಕ್ಕೆ ಹೋಗಲು ಇವನ ಬಳಿ ರಜೆ ಕೇಳಿದ, ಇವನು ದಯಪಾಲಿಸಿದ ಎಂಬ ಕಥೆಯೂ ಉಂಟು. ಖಜಾನೆಯಲ್ಲಿದ್ದ ಮೂರೂವರೆ ಸಾವಿರಕ್ಕೂ ಮೇಲ್ಪಟ್ಟ ಮಾರ್ಕುಗಳನ್ನು ಎಣಿಸಿ ತೆಗೆದುಕೊಂಡು, ಸುಳ್ಳು ಹೆಸರಿನಲ್ಲಿ ರಸೀದಿ ಬರೆದುಕೊಟ್ಟ. ಬಂಧಿತರನ್ನು ಬರ್ಲಿನ್ನಿನ ಕಾವಲು ಠಾಣೆಗೆ ಕಳಿಸಿ, ಉಳಿದ ಸಿಪಾಯಿಗಳಿಗೆ ಅರ್ಧ ಗಂಟೆ ಇಲ್ಲೇ ನಿಂತಿರಿ ಎಂದು ಹೇಳಿ, ರೈಲು ಹತ್ತಿದ. ಅವರು ನಿಂತೇ ಇದ್ದರು.

ತಾನು ಹೋದದ್ದು ಪಾಸ್‌ಪೋರ್ಟಿಗಾಗಿ ಎಂದು ಅವನು ಆಮೇಲೆ ಹೇಳಿಕೊಂಡ. ಆ ಪುರಭವನದಲ್ಲಿ ಪಾಸ್‌ಪೋರ್ಟ್ ವಿಭಾಗವೇ ಇರಲಿಲ್ಲವಂತೆ. ಕ್ಯಾಪ್ಟನ್ ವೇಷದಲ್ಲಿ ಬಂದರೂ ‘ಆ ಸೆಕ್ಷನ್ ಇಲ್ಲಿಲ್ಲ, ಬೇರೆ ಆಫೀಸಿಗೆ ಹೋಗಿ’ ಎಂದು ಕೇಳಬೇಕಾಯಿತೆಂದರೆ, ಗುಮಾಸ್ತಗಿರಿ ಸೈನ್ಯಕ್ಕಿಂತ ಬಲಶಾಲಿ ಎಂದಾಯಿತು.

ಸಿಪಾಯಿಗಳ ಮೇಲೆ ನನ್ನದೇನೂ ದೂರಿಲ್ಲ. ಆಜ್ಞೆ ಪಾಲಿಸುವುದಕ್ಕೇ ಅವರಿಗೆ ಸಂಬಳ. ನನ್ನ ಕಣ್ಣು ಮೇಯರ್ ಮೇಲೆ. ಓದಿಕೊಂಡವರು, ಜನಪ್ರತಿನಿಧಿ, ತಮ್ಮ ಕಚೇರಿಯಲ್ಲಿ ತಮ್ಮ ಕುರ್ಚಿಯಲ್ಲಿ ಕೂತವರು. ಸೆಕೆಂಡ್‌ಹ್ಯಾಂಡ್ ಕೋಟಿನ ಮುಂದೆ ಅವರ ಬೆನ್ನುಮೂಳೆ ತಾನಾಗಿ ನೆಟ್ಟಗಾಯಿತು. ಅತಿ ಎಂಬುದು ಶುರುವಾಗುವುದು ಬಂದೂಕಿನ ಸಂಖ್ಯೆಯಲ್ಲಲ್ಲ, ಆ ಬೆನ್ನುಮೂಳೆಯಲ್ಲಿ.

ಹತ್ತು ದಿನದಲ್ಲಿ ಫೋಕ್ಟ್ ಸಿಕ್ಕಿಬಿದ್ದ. ನಾಲ್ಕು ವರ್ಷ ಸಜೆಯಾಯಿತು. ಜರ್ಮನಿ ಬಿದ್ದು ಬಿದ್ದು ನಕ್ಕಿತು, ಚಕ್ರವರ್ತಿ ಕೈಸರ್ ಕೂಡ ನಕ್ಕರಂತೆ. 1908ರಲ್ಲಿ ಅವನಿಗೆ ಕೈಸರರಿಂದಲೇ ಕ್ಷಮಾದಾನ. ಆಮೇಲೆ ಅವನು ಸಹಿ ಹಾಕಿದ ಫೋಟೋ ಕಾರ್ಡು ಮಾರಿ ಬದುಕಿದ.

ಅದೇ ಜರ್ಮನಿಯಲ್ಲಿ, ಅದೇ ಹೊತ್ತಿಗೆ, ಇನ್ನೊಬ್ಬನೂ ಇದೇ ವಿಷಯಕ್ಕೆ ಕೈ ಹಾಕಿದ್ದ. ಕಾರ್ಲ್ ಲೀಬ್‌ಕ್ನೆಕ್ಟ್ ಎಂಬ ಸಮಾಜವಾದಿ ವಕೀಲ 1907ರಲ್ಲಿ ಮಿಲಿಟರಿಸಂ ಎಂದರೇನು, ಅದನ್ನು ವಿರೋಧಿಸುವುದು ಹೇಗೆ ಎಂದು ಒಂದು ಪುಸ್ತಕ ಬರೆದ. ರಾಜದ್ರೋಹದ ಆರೋಪದ ಮೇಲೆ 18 ತಿಂಗಳು ಕೋಟೆಯಲ್ಲಿ ಸೆರೆ. ಅವನಿಗೆ ಕ್ಷಮೆ ಬರಲಿಲ್ಲ. ಪದವನ್ನು ನಟಿಸಿ ತೋರಿಸಿದವನು ಕೈಸರರನ್ನು ನಗಿಸಿದ, ಪದಕ್ಕೆ ಅರ್ಥ ಬರೆದವನು ದ್ರೋಹಿಯಾದ. ನಿಘಂಟಿನ ಕೆಲಸ ಒಪ್ಪಿಕೊಳ್ಳುವ ಮುಂಚೆ ಇದನ್ನು ಯಾರಾದರೂ ನನಗೆ ಹೇಳಬೇಕಿತ್ತು.

ಈ ಕಥೆಯಲ್ಲಿ ಬೂಟು ಹೊಲಿಯುವ ಇನ್ನೊಬ್ಬನೂ ಬರುತ್ತಾನೆ. 1913. ಜರ್ಮನಿಯ ವಶದಲ್ಲಿದ್ದ ಅಲ್ಸೇಸಿನ ಜಾಬರ್ನ್ ಊರಿನಲ್ಲಿ ಫಾನ್ ಫೋರ್ಸ್ಟ್ನರ್ ಎಂಬ ಇಪ್ಪತ್ತರ ಹರೆಯದ ಲೆಫ್ಟಿನೆಂಟ್ ಸ್ಥಳೀಯರನ್ನು ಕೀಳು ಹೆಸರಿನಿಂದ ಕರೆದ. ಊರಿನ ಜನ ಬೀದಿಯಲ್ಲಿ ಗೇಲಿ ಮಾಡತೊಡಗಿದರು. ಡಿಸೆಂಬರ್ 2ರಂದು ನಕ್ಕವರ ಹಿಂದೆ ಓಡಿ, ಓಡಲಾಗದ ಒಬ್ಬನನ್ನು ಹಿಡಿದು, ತಲೆಗೆ ಕತ್ತಿಯಿಂದ ಹೊಡೆದ. ಸಿಕ್ಕವನು ಕಾಲು ಕುಂಟುವ ಬೂಟು ಹೊಲಿಯುವವನು, ಬರಿಗೈಯಲ್ಲಿದ್ದ. ಲೆಫ್ಟಿನೆಂಟನ ಜತೆ ಆಯುಧ ಹಿಡಿದ ಐವರು ಸಿಪಾಯಿಗಳಿದ್ದರು. ಸೇನಾ ನ್ಯಾಯಾಲಯ 43 ದಿನ ಸಜೆ ಕೊಟ್ಟಿತು. ಮೇಲ್ಮನವಿಯಲ್ಲಿ ಬಿಡುಗಡೆ, ಕಾರಣ: ಆತ್ಮರಕ್ಷಣೆ. ಸಂಸತ್ತು 293ಕ್ಕೆ 54 ಮತಗಳಿಂದ ಸರ್ಕಾರದ ಮೇಲೆ ಅಸಮ್ಮತಿ ಸೂಚಿಸಿತು. ಚಾನ್ಸಲರ್ ಕುರ್ಚಿ ಬಿಡಲಿಲ್ಲ, ಬಿಡಬೇಕೆಂಬ ನಿಯಮವೂ ಇರಲಿಲ್ಲ. ಅವರು ಉತ್ತರ ಹೇಳಬೇಕಾದದ್ದು ಕೈಸರರಿಗೆ ಮಾತ್ರ.

ಒಬ್ಬ ಬೂಟು ಹೊಲಿಯುವವನು ಕೋಟು ತೊಟ್ಟು ಊರನ್ನೇ ಬಂಧಿಸಿದ. ಇನ್ನೊಬ್ಬ ಕೋಟಿಲ್ಲದೆ ತಲೆ ಒಡೆಸಿಕೊಂಡ. ಏಳು ವರ್ಷದ ಅಂತರದಲ್ಲಿ ಜರ್ಮನಿ ಈ ಪದದ ಅರ್ಥ ಮತ್ತು ಪ್ರಯೋಗ ಎರಡನ್ನೂ ಉದಾಹರಣೆ ಸಮೇತ ಒದಗಿಸಿತು.

1914ರಲ್ಲಿ ಮಹಾಯುದ್ಧ ಬಂತು. ತಾವು ಕಾದುತ್ತಿರುವುದು ಪ್ರಷ್ಯಾದ ಮಿಲಿಟರಿಸಂ ವಿರುದ್ಧ ಎಂದು ಬ್ರಿಟಿಷರು ಸಾರಿದರು. ಇದೇ ಬ್ರಿಟನ್ 1889ರಲ್ಲಿ ಒಂದು ಕಾನೂನು ಮಾಡಿತ್ತು: ತನ್ನ ನಂತರದ ಎರಡು ದೊಡ್ಡ ನೌಕಾಪಡೆಗಳನ್ನು ಕೂಡಿಸಿದರೂ ತನ್ನದು ಅದಕ್ಕಿಂತ ಕಡಿಮೆಯಿರಬಾರದು. ಕಾನೂನಿನ ಹೆಸರು ನೌಕಾ ರಕ್ಷಣಾ ಕಾಯ್ದೆ. ಬೆಂಗಳೂರಿನಲ್ಲಿ ಕುದುರೆ ಪಡೆ ಕಟ್ಟಿ ಕೂತಿದ್ದೂ ಬಹುಶಃ ಲಂಡನ್ನಿನ ರಕ್ಷಣೆಗೇ ಇರಬೇಕು. ಅತ್ತ ಜರ್ಮನಿಯ 93 ಮಂದಿ ಪಂಡಿತರು ಸೇರಿ ಅಕ್ಟೋಬರಿನಲ್ಲಿ ಪ್ರಕಟಣೆ ಹೊರಡಿಸಿದರು. ಮ್ಯಾಕ್ಸ್ ಪ್ಲಾಂಕ್, ರೋಂಟ್‌ಜೆನ್, ಫ್ರಿಟ್ಸ್ ಹಾಬರ್ ಅಂಥವರ ಸಹಿ. ನಮ್ಮ ಮಿಲಿಟರಿಸಂ ಇಲ್ಲದಿದ್ದರೆ ನಮ್ಮ ಸಂಸ್ಕೃತಿ ಎಂದೋ ಅಳಿಸಿಹೋಗುತ್ತಿತ್ತು ಎಂಬುದು ಅದರ ತಾತ್ಪರ್ಯ. ಒಪ್ಪುತ್ತೇನೆ, ಉತ್ತಮ ಪುರುಷದ ಪ್ರಯೋಗಕ್ಕೆ ಅಷ್ಟಿಷ್ಟು ಹತ್ತಿರ ಬಂದದ್ದು ಇದೊಂದೇ. ಆದರೆ ಅಲ್ಲೂ ಅದು ಬಂದದ್ದು ರಕ್ಷಣೆಯ ಕೈ ಹಿಡಿದುಕೊಂಡೇ.

ಅಮೆರಿಕದ್ದು ಇನ್ನೂ ಸೊಗಸು. 1789ರಿಂದ ಅಲ್ಲಿದ್ದದ್ದು ಯುದ್ಧ ಇಲಾಖೆ, ಬಾಯಿ ತುಂಬ ಹಾಗೆಯೇ ಕರೆಯುತ್ತಿದ್ದರು. 1947ರಲ್ಲಿ ಎಲ್ಲ ಪಡೆಗಳನ್ನೂ ಒಗ್ಗೂಡಿಸಿ ಹೊಸ ಹೆಸರಿಟ್ಟರು. ಅದರ ಮೊದಲಕ್ಷರಗಳು ಎನ್, ಎಂ, ಇ. ಬೇಗ ಹೇಳಿದರೆ ‘ಎನಿಮಿ’, ಅಂದರೆ ಶತ್ರು. ಗಾಬರಿಬಿದ್ದು 1949ರಲ್ಲಿ ರಕ್ಷಣಾ ಇಲಾಖೆ ಎಂದು ಬದಲಿಸಿದರು. ತಮಾಷೆ ನೋಡಿ, ಆ ದೇಶ ವಿಧಿವತ್ತಾಗಿ ಯುದ್ಧ ಘೋಷಿಸಿದ್ದು 1942ರಲ್ಲಿ, ಯುದ್ಧ ಇಲಾಖೆಯ ಕಾಲದಲ್ಲಿ, ಅದೇ ಕೊನೆ. ರಕ್ಷಣಾ ಇಲಾಖೆ ಎಂದಾದ ಮೇಲೆ ಒಂದು ಯುದ್ಧವನ್ನೂ ಘೋಷಿಸಿಲ್ಲ. ಕೊರಿಯಾ, ವಿಯೆಟ್ನಾಂ, ಇರಾಕ್ ಎಲ್ಲ ಅಘೋಷಿತವಾಗಿ, ಸರಳ ಸಮಾರಂಭದಲ್ಲಿ ನೆರವೇರಿದವು. ತಲಾ ಹತ್ತು ಅಣು ಸಿಡಿತಲೆ ಹೊರಬಲ್ಲ ಕ್ಷಿಪಣಿಗೆ 1982ರಲ್ಲಿ ರೇಗನ್ ಇಟ್ಟ ಹೆಸರು ‘ಪೀಸ್‌ಕೀಪರ್’, ಶಾಂತಿಪಾಲಕ. 2025ರ ಸೆಪ್ಟೆಂಬರಿನಲ್ಲಿ ಟ್ರಂಪ್ ಆದೇಶವೊಂದಕ್ಕೆ ಸಹಿ ಹಾಕಿ, ರಕ್ಷಣಾ ಇಲಾಖೆ ಯುದ್ಧ ಇಲಾಖೆ ಎಂಬ ಹೆಸರನ್ನೂ ಬಳಸಬಹುದು ಎಂದರು. ಜಗತ್ತು ಬೈಯಿತು. ನನಗೇನೋ, ಅಂಗಡಿ ಎದುರು ಒಳಗಿರುವ ಮಾಲಿನ ಬೋರ್ಡನ್ನೇ ಹಾಕಿದ್ದಾರೆ ಅನಿಸಿತು.

ಜಪಾನಿನವರು ಇದನ್ನು ಕಲೆಯ ಮಟ್ಟಕ್ಕೆ ಏರಿಸಿದವರು. 1947ರ ಸಂವಿಧಾನ ಯುದ್ಧವನ್ನು ತ್ಯಜಿಸಿತ್ತು, ಆದ್ದರಿಂದ ಮತ್ತೆ ಪಡೆ ಕಟ್ಟಿದಾಗ ಟ್ಯಾಂಕನ್ನು ಟ್ಯಾಂಕ್ ಎನ್ನುವಂತಿರಲಿಲ್ಲ. ‘ವಿಶೇಷ ವಾಹನ’ ಎಂದರು. ಕಾಲ್ದಳಕ್ಕೆ ಇಂದಿಗೂ ‘ಸಾಮಾನ್ಯ ವಿಭಾಗ’ ಎಂದೇ ಹೆಸರು. ಉತ್ತರ ಕೊರಿಯಾ ಕೂಡ ‘ಸೇನೆಯೇ ಮೊದಲು’ ಎಂಬ ನೀತಿ ಸಾರಿಕೊಂಡ ಕಾಲದಲ್ಲಿ ಸರ್ವೋಚ್ಚ ಪದವಿ ಕೊಟ್ಟದ್ದು ರಾಷ್ಟ್ರೀಯ ರಕ್ಷಣಾ ಆಯೋಗದ ಅಧ್ಯಕ್ಷರಿಗೆ. ಸ್ಟಾಕ್‌ಹೋಮಿನ ಸಿಪ್ರಿ ಸಂಸ್ಥೆಯ ಲೆಕ್ಕದಂತೆ 2024ರಲ್ಲಿ ಜಗತ್ತು ಸೇನೆಗಳ ಮೇಲೆ ಸುರಿದದ್ದು 2.7 ಲಕ್ಷ ಕೋಟಿ ಡಾಲರ್. ಎಲ್ಲವೂ ರಕ್ಷಣೆಗೆ. ದಾಳಿ ಇಲಾಖೆ ಎಂಬುದು ಭೂಮಿಯ ಮೇಲೆ ಎಲ್ಲೂ ಇಲ್ಲ, ಆದರೂ ದಾಳಿಗಳು ಹೊತ್ತಿಗೆ ಸರಿಯಾಗಿ ನಡೆಯುತ್ತಿವೆ. ಇಲಾಖೆಯೇ ಇಲ್ಲದೆ ಇಷ್ಟು ಅಚ್ಚುಕಟ್ಟಾಗಿ ನಡೆಯುವ ಇನ್ನೊಂದು ಕೆಲಸ ನಾನು ಕಂಡಿಲ್ಲ.

ಕೊನೆಗೆ ಪದ ಹೊಳೆದದ್ದು ಸ್ನಾನದ ಮನೆಯಲ್ಲಿ. ತಿನ್ನುತ್ತಲೇ ಇರುವವನು ಹೊಟ್ಟೆಬಾಕ. ಕೊಳ್ಳುತ್ತಲೇ ಇರುವುದು ಕೊಳ್ಳುಬಾಕತನ. ಹಾಗಿದ್ದ ಮೇಲೆ ಇದು ದಂಡುಬಾಕತನ. ಹಸಿವಿಗೂ ಅದಕ್ಕೂ ಸಂಬಂಧವಿಲ್ಲ ಎಂಬ ಅರ್ಥವೂ ‘ಬಾಕ’ದಲ್ಲಿ ತಾನಾಗಿ ಬಂತು. ಮೈ ಒರೆಸಿಕೊಳ್ಳುತ್ತಲೇ ಪ್ರಕಾಶಕರಿಗೆ ಫೋನ್ ಮಾಡಿದೆ.

“ಅದ್ಭುತ ಸಾರ್! ದಂಡುಬಾಕತನ. ಜರ್ಮನಿ ಅಧ್ಯಾಯಕ್ಕೆಲ್ಲ ಇದನ್ನೇ ಹಾಕಿಸ್ತೀನಿ. ಆದ್ರೆ ಸಾರ್, ಕೊನೇ ಅಧ್ಯಾಯ ನಮ್ಮ ಕಡೆಯದಿದೆ. ಅಲ್ಲಿ ಮಾತ್ರ ‘ಸನ್ನದ್ಧತೆ’ ಅಂತ ಹಾಕ್ಲಾ?”

ಹಾಕಿ ಎಂದೆ. ಇನ್ನೇನು ಹೇಳಲಿ? ಫೋನ್ ಇಡುವವನಿದ್ದೆ, ಅವರು ಇದ್ದಕ್ಕಿದ್ದಂತೆ ದನಿ ತಗ್ಗಿಸಿದರು.

“ಸಾರ್, ಯಾರಿಗೂ ಹೇಳ್ಬೇಡಿ. ಮೊನ್ನೆ ಒಂದು ವಿಡಿಯೋ ಕಾಲ್ ಬಂದಿತ್ತು. ಖಾಕಿ ಬಟ್ಟೆ, ಭುಜದ ಮೇಲೆ ನಕ್ಷತ್ರ, ಹಿಂದೆ ಬಾವುಟ. ನಿಮ್ಮ ಹೆಸರಲ್ಲಿ ಪಾರ್ಸೆಲ್ ಬಂದಿದೆ, ಅದರಲ್ಲಿ ಡ್ರಗ್ಸ್ ಇದೆ, ನೀವೀಗ ಡಿಜಿಟಲ್ ಅರೆಸ್ಟ್ ಅಂದ. ಬಾಗಿಲು ಹಾಕ್ಕೊಳಿ, ಹೆಂಡತಿಗೂ ಹೇಳಕೂಡದು ಅಂದ.”

“ನೀವೇನು ಮಾಡಿದ್ರಿ?”

“ಎದ್ದು ನಿಂತ್ಕೊಂಡೆ ಸಾರ್. ಲುಂಗಿಯಲ್ಲಿದ್ದೆ. ಒಂದ್ನಿಮಿಷ ಸಾರ್ ಅಂತ ಪರ್ಮಿಷನ್ ತಗೊಂಡು, ಪ್ಯಾಂಟು ಶರ್ಟು ಹಾಕ್ಕೊಂಡು ಬಂದು ಮತ್ತೆ ನಿಂತ್ಕೊಂಡೆ.”

ನಿಂತುಕೊಂಡೆ. ಉತ್ತಮ ಪುರುಷ, ಏಕವಚನ, ಭೂತಕಾಲ. ಮೂರು ವಾರದಿಂದ ಹುಡುಕುತ್ತಿದ್ದ ರೂಪ.

ಅವರ ದುಡ್ಡು ಉಳಿದದ್ದು ಪುಣ್ಯ. ಬ್ಯಾಂಕ್ ವಿವರ ಹೇಳುವ ಹೊತ್ತಿಗೆ ಮನೆಯ ಕರೆಂಟ್ ಹೋಗಿ ವೈಫೈ ನಿಂತಿತಂತೆ. ಇಂಥ ಕರೆಗಳಿಗೆ ಎದ್ದು ನಿಂತು ಕೋಟಿಗಟ್ಟಲೆ ಕಳೆದುಕೊಂಡ ಡಾಕ್ಟರುಗಳು, ಎಂಜಿನಿಯರುಗಳು, ನಿವೃತ್ತ ಅಧಿಕಾರಿಗಳು ನಮ್ಮ ಬೆಂಗಳೂರಿನಲ್ಲೇ ಇದ್ದಾರೆ. ಫೋಕ್ಟ್ ಪಾಪದವನು. ಬೂಟಿನವರೆಗೆ ಪೂರ್ತಿ ಸಮವಸ್ತ್ರ ಕೊಳ್ಳಬೇಕಾಗಿತ್ತು, ರೈಲು ಹತ್ತಬೇಕಾಗಿತ್ತು, ತೆಗೆದುಕೊಂಡ ದುಡ್ಡಿಗೆ ರಸೀದಿಯನ್ನೂ ಕೊಟ್ಟಿದ್ದ. ಈಗಿನವರಿಗೆ ಸೊಂಟದ ಮೇಲಿನ ಅಂಗಿ ಸಾಕು.

ಡಿಜಿಟಲ್ ಅರೆಸ್ಟ್ ಎಂಬುದು ಭಾರತದ ಯಾವ ಕಾನೂನಿನಲ್ಲೂ ಇಲ್ಲ. 2024ರ ಅಕ್ಟೋಬರಿನಲ್ಲಿ ಪ್ರಧಾನಿಯವರೇ ರೇಡಿಯೋದಲ್ಲಿ ಇದನ್ನು ಹೇಳಿದ್ದಾರೆ. ಅಂಥ ಕರೆ ಬಂದರೆ ಕೂತೇ ಇರಿ, ಲುಂಗಿಯಲ್ಲೇ ಇರಿ, ಫೋನ್ ಕಟ್ ಮಾಡಿ. ಆಮೇಲೆ 1930ಕ್ಕೆ ಕರೆ ಮಾಡಿ. ಅದು ಇಸವಿಯಲ್ಲ, ಸೈಬರ್ ವಂಚನೆಯ ಸಹಾಯವಾಣಿ.